ಮಲೆನಾಡ ಮಳೆಯಲ್ಲಿ ದಮ್ಮು ಬಂದರೆ: ನೆಬ್ಯುಲೈಸರ್ ಮಿಷನ್ನೋ, ಪಂಪು-ಸ್ಪೇಸರೋ?

ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಪಂಪು (ಒತ್ತಿ ಎಳೆಯುವ ಇನ್ಹೇಲರ್) ಮತ್ತು ಅದಕ್ಕೆ ಸಿಕ್ಕಿಸುವ ಕೊಳವೆ ಸ್ಪೇಸರ್‌ಗೆ. ಔಷಧಿಯನ್ನು ಮಂಜಿನ ಹಾಗೆ ಮಾಡಿ ಉಸಿರಿಗೆ ಕೊಡುವ ಕರೆಂಟಿನ ಮಿಷನ್ ನೆಬ್ಯುಲೈಸರ್‌ಗೆ 1,900 ರೂಪಾಯಿ ಸುರಿದು, ಬೇಕಾದ ರಾತ್ರಿಯೇ ಅದು ಕೈಕೊಟ್ಟ ಮೇಲೆ ಇದನ್ನು ಬರೆಯುತ್ತಿದ್ದೇನೆ. ತಕ್ಕಡಿ ಹಿಡಿದು ಕೂತಿದ್ದೇನೆ ಅಂದುಕೊಳ್ಳಬೇಡಿ.

ನಾನು ಹಾಸನದಲ್ಲಿ ಬೆಳೆದವಳು. ಎಂಟನೇ ವಯಸ್ಸಿನಿಂದ ಉಬ್ಬಸ. ಮದುವೆಯಾಗಿ ಬಂದದ್ದು ಆಲ್ದೂರಿನ ಆಚೆ ಒಂದು ತೋಟದ ಮನೆಗೆ. ಜೂನ್ ಬಂದರೆ ಗೋಡೆಯೆಲ್ಲ ಬೂಷ್ಟು. ಬೆಳಗಾದರೆ ಬಚ್ಚಲೊಲೆಯ ಹೊಗೆ. ಜನವರಿಯಲ್ಲಿ ಕಣದ ತುಂಬ ಒಣಗಿದ ಕಾಫಿಯ ಧೂಳು. ನನ್ನ ಶ್ವಾಸಕೋಶಕ್ಕೆ ಹೇಳಿ ಮಾಡಿಸಿದ ಗಂಡನ ಮನೆ!

ಮಿಷನ್ ಕೊಂಡದ್ದು ಮೆಡಿಕಲ್ ಅಂಗಡಿಯವರ ಮಾತು ಕೇಳಿ. "ಪಂಪೆಲ್ಲ ಸಣ್ಣಪುಟ್ಟದ್ದಕ್ಕೆ ಮೇಡಂ. ಮಿಷನ್ ಇದ್ರೆ ಆಸ್ಪತ್ರೆ ಮನೇಲೇ ಇದ್ದ ಹಾಗೆ" ಅಂದರು. ನಮ್ಮ ಅತ್ತೆಗಂತೂ ಅದು ಬಹಳ ಹಿಡಿಸಿತು. ಬರ್ರ್ ಅಂತ ಶಬ್ದ ಮಾಡುತ್ತದೆ, ಮೂತಿಯಿಂದ ಬಿಳಿ ಹೊಗೆ ಬರುತ್ತದೆ. ಔಷಧಿ ಅಂದರೆ ಹೀಗೆ ಕಣ್ಣಿಗೆ ಕಾಣಬೇಕು ಅನ್ನುವುದು ಅವರ ಲೆಕ್ಕ.

ಜುಲೈನ ಒಂದು ರಾತ್ರಿ ಹನ್ನೊಂದಕ್ಕೆ ದಮ್ಮು ಶುರುವಾಯಿತು. ಮೂರು ದಿನದಿಂದ ನೆಗಡಿ ಇತ್ತು, ರಾತ್ರಿ ಎರಡು ಸಲ ಕೆಮ್ಮಿ ಎದ್ದಿದ್ದೆ. ಅದೇ ಮುನ್ಸೂಚನೆ, ಆದರೆ ಸುಮ್ನೆ ಇದ್ದೆ. ಉಸಿರುನಾಳ ಸಡಿಲಿಸುವ ಸಾಲ್ಬ್ಯುಟಮಾಲ್ ಔಷಧಿಯ ಪುಟ್ಟ ಪ್ಲಾಸ್ಟಿಕ್ ಸೀಸೆ (ರೆಸ್ಪ್ಯೂಲ್) ಒಂದನ್ನು ಮಿಷನ್‌ಗೆ ಹಾಕಿ ಕೂತೆ. ಮುಗಿಯಲು ಎಂಟು ನಿಮಿಷ. ಸ್ವಲ್ಪ ಹಗುರ ಅನ್ನಿಸಿತು. ಅರ್ಧ ಗಂಟೆಗೆ ಮತ್ತೆ ಎದೆ ಬಿಗಿಯಿತು. ಎರಡನೇ ರೆಸ್ಪ್ಯೂಲ್ ಅರ್ಧ ಆಗಿತ್ತೋ ಇಲ್ಲವೋ, ಎಲ್ಲೋ ಲೈನ್ ಮೇಲೆ ಮರ ಬಿತ್ತು. ಕರೆಂಟ್ ಹೋಯಿತು. ಯುಪಿಎಸ್ ಬ್ಯಾಟರಿಗೆ ನೀರು ಹಾಕಿ ಎಷ್ಟು ಕಾಲವಾಗಿತ್ತೋ, ಎರಡು ಬಲ್ಬ್ ಉರಿಸಿ ಅದೂ ಸುಸ್ತಾಯಿತು. ಟವರೂ ಸತ್ತಿತ್ತು, 108ಕ್ಕೆ ಫೋನ್ ಹೋಗಲಿಲ್ಲ.

ಹಳೇ ಪಂಪ್ ಒಂದಿತ್ತು. ಒತ್ತಿದರೆ ಪುಸ್ ಅಂತು, ಎದೆಗೆ ಏನೂ ತಿಳಿಯಲಿಲ್ಲ. 200 ಪಫ್ ಮುಗಿದ ಮೇಲೂ ಒಳಗಿನ ಗ್ಯಾಸ್ ಬರುತ್ತಲೇ ಇರುತ್ತದೆ, ಔಷಧಿ ಇರುತ್ತದೆ ಅಂತ ನಂಬುವ ಹಾಗಿಲ್ಲ. ಅಲ್ಲಾಡಿಸಿ ನೋಡುವುದು, ನೀರಲ್ಲಿ ತೇಲಿಸಿ ನೋಡುವುದು, ಎರಡೂ ಸುಳ್ಳು ಲೆಕ್ಕ. ಈಗ ಕೌಂಟರ್ ಇರುವ ಪಂಪನ್ನೇ ಕೇಳಿ ತರುತ್ತೇನೆ.

ಕೋವಿಡ್ ಕಾಲದ ಆಕ್ಸಿಮೀಟರ್ ಬೆರಳಿಗೆ ಹಾಕಿದರೆ ರಕ್ತದ ಆಕ್ಸಿಜನ್ 95. "ಚೆನ್ನಾಗೇ ಇದೆಯಲ್ಲ" ಅಂದರು ನಮ್ಮನೆಯವರು. ಅದೇ ಮೋಸ. ಉಬ್ಬಸದಲ್ಲಿ ಆ ನಂಬರ್ ಇಳಿಯುವುದು ತಡವಾಗಿ, ಅಲ್ಲಿಯವರೆಗೆ ಮೈ ಎಲ್ಲ ಶಕ್ತಿ ಹಾಕಿ ಉಸಿರು ಎಳೆಯುತ್ತಿರುತ್ತದೆ. ಉಸಿರು ಎಷ್ಟು ಜೋರಾಗಿ ಹೊರಗೆ ಬರುತ್ತದೆ ಅಂತ ಅಳೆಯುವ ಪೀಕ್ ಫ್ಲೋ ಮೀಟರ್ ಊದಿದೆ. ಮೈ ಚೆನ್ನಾಗಿದ್ದಾಗ ನನ್ನದು 380, ಆಗ ಮುಳ್ಳು 170ಕ್ಕೆ ನಿಂತಿತು. ನಮ್ಮ ಒಳ್ಳೆ ದಿನದ ಅಂಕಿಯಲ್ಲಿ ಅರ್ಧಕ್ಕಿಂತ ಕೆಳಗೆ ಇಳಿದರೆ ಕೆಂಪು ವಲಯ, ಅಂದರೆ ಅಪಾಯ. ಆದರೆ ಇವರಿಗೆ ಅರ್ಥವಾದದ್ದು ಮೀಟರಿನಿಂದಲ್ಲ. ಜೀಪಿನ ಕೀ ಕಪಾಟಿನ ಮೇಲಿದೆ ಅಂತ ಹೇಳಲು ಹೋದೆ. "ಕೀ..." ಅಂದೆ. ಉಸಿರು. "ಕಪಾಟು..." ಅಂದೆ. ಮತ್ತೆ ಉಸಿರು. ಟಾರ್ಚ್ ಬೆಳಕಲ್ಲಿ ಗಂಟಲ ಗುಳಿ ಒಳಗೆ ಸೆಳೆಯುತ್ತಿದ್ದುದು ಅವರಿಗೆ ಕಂಡಿತು. ಮಾತು ಮುಗಿಸಲು ಆಗದಿದ್ದರೆ ಮನೆ ವೈದ್ಯ ಅಲ್ಲಿಗೆ ಮುಗಿಯಿತು. ತುಟಿ ನೀಲಿಯಾಗುವುದು, ಮಂಪರು, ಸುಯ್ ಸುಯ್ ಶಬ್ದ ತಾನಾಗಿ ನಿಂತು ಎದೆ ನಿಶ್ಶಬ್ದವಾಗುವುದು, ಇವೆಲ್ಲ ಇನ್ನೂ ಅಪಾಯ. ಶಬ್ದ ನಿಂತಿತು ಅಂತ ಖುಷಿಪಟ್ಟವರನ್ನು ನೋಡಿದ್ದೇನೆ.

ಚಿಕ್ಕಮಗಳೂರು ಮುಟ್ಟಲು ಒಂದು ಗಂಟೆ ಹಿಡಿಯಿತು, ಮಳೆ ಹಾಗಿತ್ತು. ಅಲ್ಲಿ ಆಕ್ಸಿಜನ್ ಕೊಟ್ಟರು. ಸಾಲ್ಬ್ಯುಟಮಾಲ್ ಜೊತೆ ಉಸಿರುನಾಳ ಸಡಿಲಿಸುವ ಇನ್ನೊಂದು ಔಷಧಿ ಇಪ್ರಾಟ್ರೋಪಿಯಂ ಸೇರಿಸಿ ನೆಬ್ಯುಲೈಸ್ ಮಾಡಿದರು, ಪ್ರೆಡ್ನಿಸೊಲೋನ್ ಅನ್ನುವ ಸ್ಟೀರಾಯ್ಡ್ ಮಾತ್ರೆ ನುಂಗಿಸಿದರು. ಆ ಮಾತ್ರೆ ಕೆಲಸ ಶುರು ಮಾಡಲು ಕೆಲವು ಗಂಟೆ ಬೇಕು, ಅದಕ್ಕೇ ಬೇಗ ಕೊಡುವುದು. ಬೆಳಿಗ್ಗೆ ಕಾಫಿ ಕೇಳುವ ಸ್ಥಿತಿಗೆ ಬಂದೆ.

ರೌಂಡ್ಸ್‌ಗೆ ಬಂದ ಡಾಕ್ಟರಮ್ಮ ಹೇಳಿದ ಮೇಲೆಯೇ ನನ್ನ ದಡ್ಡತನ ತಿಳಿದದ್ದು. ತೀರಾ ಜೋರಲ್ಲದ ದಾಳಿಗೆ ಸ್ಪೇಸರ್ ಹಾಕಿ ಕೊಟ್ಟ ಪಂಪು ನೆಬ್ಯುಲೈಸರ್‌ನಷ್ಟೇ ಕೆಲಸ ಮಾಡುತ್ತದೆ, ಇದು ಅಧ್ಯಯನಗಳಲ್ಲಿ ಹಲವು ಸಲ ಕಂಡ ವಿಷಯ. ಜೋರಾದ ದಾಳಿಗೆ ಬೇಕಾದದ್ದು ಆಕ್ಸಿಜನ್. ಮನೆಯ ಮಿಷನ್ ಅದನ್ನು ಕೊಡುವುದಿಲ್ಲ, ರೂಮಿನ ಗಾಳಿಯನ್ನೇ ತಳ್ಳುತ್ತದೆ. ಆಸ್ಪತ್ರೆ ಮನೇಲೇ ಇದ್ದ ಹಾಗೆ ಅನ್ನುವ ಮಾತು ಅಲ್ಲಿಗೆ ಬಿದ್ದುಹೋಯಿತು, ಅಲ್ವಾ? ಆ ಬರ್ರ್ ಶಬ್ದ ಕೇಳುತ್ತಾ ಏನೋ ನಡೆಯುತ್ತಿದೆ ಅಂತ ಕೂತದ್ದರಿಂದ ನನಗೆ ಮುಕ್ಕಾಲು ಗಂಟೆ ಹೋಯಿತು.

ಕರೆಂಟಿನ ಕಥೆ ಒಂದೇ ರಾತ್ರಿಯದು. ನಾನು ದಿನಾ ಅನುಭವಿಸಿದ ಗೋಳೇ ಬೇರೆ: ಆ ಕಿಟ್ ಒಣಗಿಸುವುದು. ಪ್ರತಿ ಸಲ ಬಳಸಿದ ಮೇಲೆ ಕಪ್ಪು, ಮಾಸ್ಕು ತೊಳೆದು ಗಾಳಿಯಲ್ಲಿ ಆರಿಸಬೇಕು, ಇಲ್ಲದಿದ್ದರೆ ಅದರಲ್ಲಿ ಕ್ರಿಮಿ ಬೆಳೆದು ನೇರ ಎದೆಗೆ ಹೋಗುತ್ತದೆ. ಆ ಸೂಚನೆ ಬರೆದವರಿಗೇನು ಗೊತ್ತು ಜುಲೈ ತಿಂಗಳ ತೋಟದ ಮನೆ? ಇಲ್ಲಿ ಲಂಗ ಒಣಗಲು ಐದು ದಿನ ಬೇಕು. ಬೆಳಿಗ್ಗೆ ತೊಳೆದ ಕಪ್ಪು ಸಂಜೆಗೂ ಬೆವರಿದ ಹಾಗೆಯೇ ಇರುತ್ತಿತ್ತು. ಬಟ್ಟೆಯಲ್ಲಿ ಒರೆಸಿದರೆ ಒಳಗೆ ನೂಲಿನ ಎಳೆ. ಪೈಪಿನಲ್ಲಿ ಹನಿ ನಿಂತರೆ ಮಿಷನ್ ಓಡಿಸಿ ಊದಿಸಬೇಕು, ಅದಕ್ಕೂ ಕರೆಂಟೇ.

ಅತ್ತೆ ಪರಿಹಾರ ಹುಡುಕಿದರು. ಏಲಕ್ಕಿ, ಬಿತ್ತನೆ ಬೀಜ ಎಲ್ಲ ಒಣಗುವ ಜಾಗ, ಒಲೆಯ ಮೇಲಿನ ಅಟ್ಟ, ಅಲ್ಲಿ ಮಾಸ್ಕನ್ನು ನೇತುಹಾಕಿದರು. ಒಣಗಿತು, ನಿಜ. ಮಾರನೇ ದಿನ ಮುಖಕ್ಕೆ ಹಿಡಿದರೆ ಸುಟ್ಟ ಸೌದೆಯ ವಾಸನೆ! ಉಬ್ಬಸಕ್ಕೆ ಅಂತ ತಂದ ಮಾಸ್ಕಿನಿಂದಲೇ ಕೆಮ್ಮು ಹತ್ತಿತು. ಅವರಿಗೆ ಬೇಜಾರಾಗಬಾರದು ಅಂತ ಹೊಸ ಕಿಟ್ ತರಿಸಿದ್ದನ್ನು ಹೇಳಲೇ ಇಲ್ಲ. ಇದನ್ನು ಓದಿದರೆ ಗೊತ್ತಾಗುತ್ತದೆ.

ಸ್ಪೇಸರ್ ಅಂದರೆ ಒಂದು ಪ್ಲಾಸ್ಟಿಕ್ ಕೊಳವೆ ಅಷ್ಟೇ. ನಾನು ಕೊಟ್ಟದ್ದು 320 ರೂಪಾಯಿ. ಅದನ್ನೂ ತಿಂಗಳಿಗೊಮ್ಮೆ ಸೋಪಿನ ನೀರಲ್ಲಿ ಅದ್ದಿ, ಒರೆಸದೆ ಆರಲು ಬಿಡಬೇಕು. ಒರೆಸಿದರೆ ಸ್ಟ್ಯಾಟಿಕ್ ವಿದ್ಯುತ್ ಹುಟ್ಟಿ ಔಷಧಿ ಗೋಡೆಗೆ ಅಂಟಿಕೊಳ್ಳುತ್ತದೆ. ತಿಂಗಳಿಗೊಮ್ಮೆ ತಾನೇ, ಎರಡು ಇಟ್ಟುಕೊಂಡಿದ್ದೇನೆ.

ಜನವರಿಯಲ್ಲಿ ಪರೀಕ್ಷೆ ಬಂತು. ಕಣದಲ್ಲಿ ಕಾಫಿ ಚೀಲ ತುಂಬುವಾಗ ಎದೆ ಬಿಗಿಯಿತು. ಪೀಕ್ ಫ್ಲೋ 230. ಡಾಕ್ಟರಮ್ಮ ಬರೆದುಕೊಟ್ಟ ಚೀಟಿ ಅಡುಗೆ ಮನೆ ಗೋಡೆಯ ಮೇಲಿತ್ತು: ಮೊದಲ ಒಂದು ಗಂಟೆ, 20 ನಿಮಿಷಕ್ಕೊಮ್ಮೆ 4ರಿಂದ 10 ಪಫ್. ಪಂಪ್ ಕುಲುಕಿ ಸ್ಪೇಸರಿಗೆ ಒಂದೇ ಪಫ್, ನಿಧಾನಕ್ಕೆ ನಾಲ್ಕೈದು ಉಸಿರು, ಮತ್ತೆ ಕುಲುಕಿ ಇನ್ನೊಂದು. ನಾಲ್ಕನ್ನೂ ಒಟ್ಟಿಗೆ ಒತ್ತುವ ಆತುರ ನನಗೂ ಇತ್ತು, ಹಾಗೆ ಮಾಡಿದರೆ ಜಾಸ್ತಿ ಔಷಧಿ ಕೊಳವೆಯಲ್ಲೇ ಉಳಿಯುತ್ತದೆ. ಆರು ಪಫ್ ಆಗಿ 20 ನಿಮಿಷಕ್ಕೆ 300. ಇನ್ನು ನಾಲ್ಕಕ್ಕೆ 340. ಕೈ ನಡುಗಿತು, ಎದೆ ಡವಡವ ಅಂದಿತು, ಅದು ಈ ಔಷಧಿಯ ಗುಣ. ಏರದೇ ಇದ್ದಿದ್ದರೆ ದಾರಿಯುದ್ದಕ್ಕೂ ಪಫ್ ತೆಗೆದುಕೊಳ್ಳುತ್ತಲೇ ಜೀಪ್ ಹತ್ತುವುದು ಅಂತ ಮೊದಲೇ ಮಾತಾಗಿತ್ತು.

ಕ್ಯಾಪ್ಸೂಲ್ ಪುಡಿಯ ಇನ್ಹೇಲರನ್ನೂ ನೋಡಿದ್ದೇನೆ. ಅಗ್ಗ, ಜೇಬಲ್ಲಿ ಹಿಡಿಯುತ್ತದೆ. ಆದರೆ ಪುಡಿ ಒಳಗೆ ಹೋಗಲು ಜೋರಾಗಿ ಎಳೆಯಬೇಕು, ದಮ್ಮು ಕಟ್ಟಿದಾಗ ಇಲ್ಲದಿರುವುದೇ ಆ ಜೋರು. ಮಳೆಗಾಲದಲ್ಲಿ ಕ್ಯಾಪ್ಸೂಲ್ ಮೆತ್ತಗಾಗುವುದು ಬೇರೆ.

ಕಷಾಯ, ದೊಡ್ಡಪತ್ರೆ ರಸ ನೆಗಡಿಗೆ ಸರಿ. ದಾಳಿಯ ಹೊತ್ತಿಗೆ ಬೇಡ.

ದಮ್ಮು ಬಂದಾಗ ಒತ್ತುವ ಈ ನೀಲಿ ಸಾಲ್ಬ್ಯುಟಮಾಲ್ ಪಂಪೊಂದನ್ನೇ ನಂಬಿ ಕೂರುವುದೂ ತಪ್ಪು ಅಂತ ಆಮೇಲೆ ಕಲಿತೆ. ಆಸ್ತಮಾಗೆ ಅದೊಂದೇ ಸಾಲದು, ಜೊತೆಗೆ ಸ್ಟೀರಾಯ್ಡ್ ಇನ್ಹೇಲರ್ ಇರಲೇಬೇಕು ಅಂತ ಜೀನಾ ಅನ್ನುವ ಜಾಗತಿಕ ಮಾರ್ಗಸೂಚಿ 2019ರಿಂದ ಹೇಳುತ್ತಿದೆ. ನನಗೂ ಬೆಳಿಗ್ಗೆ ಸಂಜೆ ಅದು ಶುರುವಾಯಿತು. ತಗೊಂಡು ಬಾಯಿ ಮುಕ್ಕಳಿಸಿ ಉಗಿಯಬೇಕು, ಅಷ್ಟೇ ರಗಳೆ.

ಮರೆವಿನವಳು ನಾನು. ಬಸ್ಸಲ್ಲಿ ಓಡಾಡುವವಳು, ಆಸ್ಪತ್ರೆ ದೂರ. ಅದಕ್ಕೇ ಪಂಪು ಮೂರು: ಉಪ್ಪಿನ ಜಾಡಿ ಪಕ್ಕ ಒಂದು, ಬ್ಯಾಗಲ್ಲಿ ಒಂದು, ಹಾಸಿಗೆ ಹತ್ತಿರ ಒಂದು. ಎರಡು ಸ್ಪೇಸರ್ ಸೇರಿಸಿದರೂ ಮಿಷನ್ನಿನ ದುಡ್ಡಾಗಲಿಲ್ಲ. ಮಿಷನ್ ಹಾಸನದ ಅಕ್ಕ ತಗೊಂಡು ಹೋದಳು, ಭಾವನಿಗೆ ಡಾಕ್ಟರ್ ಬರೆದಿದ್ದಾರಂತೆ. ಕಿಟ್ ಮಾತ್ರ ಹೊಸದು ತಗೋ, ಹಳೆಯದಕ್ಕೆ ಇನ್ನೂ ಹೊಗೆ ವಾಸನೆ ಇದೆ ಅಂದೆ.