ಡಾಸ್‌ಬಾಕ್ಸ್: ಹತ್ತು ವರ್ಷ ಬಳಸಿದವನ ಮಾತು

ಡಾಸ್‌ಬಾಕ್ಸ್ ಅಂದರೆ ವಿಂಡೋಸ್‌ಗೂ ಮೊದಲಿನ ಡಾಸ್ ಕಾಲದ ಗೇಮ್‌ಗಳನ್ನು ಈಗಿನ ಕಂಪ್ಯೂಟರಿನಲ್ಲಿ ಆಡಿಸುವ ಸಾಫ್ಟ್‌ವೇರ್. ನಾನು ಅದನ್ನು ಹಾಕಿಕೊಂಡಿದ್ದು ಫ್ಲಾಪಿಗೆ ಬೂಷ್ಟು ಹಿಡಿದಿದ್ದರಿಂದ. ನಮ್ಮದು ತೀರ್ಥಹಳ್ಳಿ ಕಡೆ. ಶಾಲೆಯ ಲ್ಯಾಬ್‌ನಲ್ಲಿ ಕದ್ದು ಕಾಪಿ ಮಾಡಿಕೊಂಡಿದ್ದ ಡೇವ್ (ಡೇಂಜರಸ್ ಡೇವ್), ಪ್ರಿನ್ಸ್ (ಪ್ರಿನ್ಸ್ ಆಫ್ ಪರ್ಷಿಯಾ) ಎರಡೂ ಗೇಮ್ ಅಟ್ಟದ ಮೇಲೆ ಬಿಸ್ಕೆಟ್ ಡಬ್ಬದಲ್ಲಿದ್ದವು. 2015ರಲ್ಲಿ ಯುಎಸ್‌ಬಿ ಫ್ಲಾಪಿ ಡ್ರೈವ್ ತಂದು ಹಾಕಿ ನೋಡಿದೆ. ಕಟಕಟ ಅಂತ ಸದ್ದು, ಅಷ್ಟೇ. ತಗಡಿನ ಮುಚ್ಚಳ ಸರಿಸಿದರೆ ಒಳಗಿನ ಕಂದು ಹಾಳೆಯ ಮೇಲೆಲ್ಲ ಬಿಳಿ ಚುಕ್ಕೆ. ಎಷ್ಟು ಮಳೆಗಾಲ ಕಂಡಿತ್ತೋ ಏನೋ.

ಅದೇ ವರ್ಷ ಹಳೇ ಪುಸ್ತಕ, ಸಾಫ್ಟ್‌ವೇರ್ ಎಲ್ಲ ಕೂಡಿಡುವ ಇಂಟರ್ನೆಟ್ ಆರ್ಕೈವ್ ಜಾಲತಾಣದವರು ಎರಡು ಸಾವಿರಕ್ಕೂ ಜಾಸ್ತಿ ಡಾಸ್ ಗೇಮ್‌ಗಳನ್ನು ಬ್ರೌಸರ್‌ನಲ್ಲೇ ಆಡುವ ಹಾಗೆ ಮಾಡಿದ್ದರು. ಅದರೊಳಗೆ ಓಡುತ್ತಿದ್ದದ್ದೂ ಡಾಸ್‌ಬಾಕ್ಸೇ ಅಂತ ಗೊತ್ತಾಗಿ ಇಳಿಸಿಕೊಂಡೆ. ಕಾಸಿಲ್ಲ, ಜಾಹೀರಾತಿಲ್ಲ. 64 ಬಿಟ್ ವಿಂಡೋಸ್‌ನಲ್ಲಿ ಆ ಕಾಲದ ಗೇಮ್‌ಗಳು ನೇರವಾಗಿ ಓಡುವುದೇ ಇಲ್ಲ. ಡಾಸ್‌ಬಾಕ್ಸ್ ಕಂಪ್ಯೂಟರಿನೊಳಗೇ ಒಂದು ಹಳೇ ಪಿಸಿ ಇರುವ ಹಾಗೆ ನಟಿಸುತ್ತದೆ, ಸೌಂಡ್ ಬ್ಲಾಸ್ಟರ್ ಅನ್ನುವ ಆಗಿನ ಸೌಂಡ್ ಕಾರ್ಡ್ ಸಮೇತ. ಗೇಮ್ ಹುಚ್ಚಾಪಟ್ಟೆ ಓಡಿದರೆ ಕಂಟ್ರೋಲ್ ಜೊತೆ ಎಫ್11 ಒತ್ತಿ. ನಿಧಾನಕ್ಕೆ ಬರುತ್ತದೆ.

ತಕರಾರುಗಳೂ ಇವೆ. ತೆರೆದ ಕೂಡಲೇ ಕಪ್ಪು ಪರದೆ, ಗೇಮ್ ಯಾವ ಫೋಲ್ಡರ್‌ನಲ್ಲಿದೆ ಅಂತ ಹೇಳುವ ಮೌಂಟ್ ಕಮಾಂಡ್ ನೀವೇ ಟೈಪ್ ಮಾಡಬೇಕು. ನನ್ನ ತಂಗಿ ಅಲ್ಲಿಗೇ ಕೈಬಿಟ್ಟಳು. ಚಿತ್ರವೂ ಕುಳ್ಳಗೆ ಕಾಣುತ್ತದೆ. ಹಳೇ ಮಾನಿಟರ್‌ಗಳು ಅದನ್ನು ಉದ್ದಕ್ಕೆ ಎಳೆದು ತೋರಿಸುತ್ತಿದ್ದವು, ಇದು ತಾನಾಗಿ ಎಳೆಯಲ್ಲ. ಸೆಟ್ಟಿಂಗ್‌ಗಳಿರುವ ಕಾನ್ಫಿಗ್ ಫೈಲ್‌ನಲ್ಲಿ 'ಆಸ್ಪೆಕ್ಟ್' ಅನ್ನುವುದನ್ನು 'ಟ್ರೂ' ಮಾಡಬೇಕು. ನನಗೆ ಇದು ಗೊತ್ತಾಗಿದ್ದು ಮೂರು ವರ್ಷದ ಮೇಲೆ! ಇನ್ನು ನಾನು ಬಳಸುವ 0.74-3 ಆವೃತ್ತಿ ಬಂದಿದ್ದು 2019ರಲ್ಲಿ, ಅಷ್ಟು ಹಳೆಯದು. ಹೊಸದಾಗಿ ಶುರು ಮಾಡುವವರು ಇದೇ ಬುಡದಿಂದ ಚಿಗುರಿದ ಡಾಸ್‌ಬಾಕ್ಸ್ ಸ್ಟೇಜಿಂಗ್ ಹಾಕಿಕೊಳ್ಳಿ. ನಾನು ಮಾತ್ರ ಹಳೆಯದಕ್ಕೇ ಒಗ್ಗಿಹೋಗಿದ್ದೇನೆ.

ಗೇಮ್ ಇದರ ಜೊತೆ ಬರಲ್ಲ, ನೀವೇ ಹುಡುಕಬೇಕು. ಅಮೆರಿಕದಲ್ಲಿ 2010ಕ್ಕೆ ಮೊದಲು ಬಂದ ಗೇಮ್‌ಗಳಲ್ಲಿ 87% ಈಗ ಮಾರಾಟಕ್ಕೇ ಇಲ್ಲ ಅಂತ ಅಲ್ಲಿನ ವಿಡಿಯೋ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಲೆಕ್ಕ ಕೊಟ್ಟಿತು. ದುಡ್ಡು ಕೊಡುತ್ತೇನೆ ಅಂದರೂ ಸಿಗದಿದ್ದರೆ ಇನ್ನೇನು ಮಾಡುವುದು? ಹಕ್ಕುಗಳೇನೋ ಕಂಪನಿಗಳದ್ದೇ. ಆದರೆ ಎತ್ತಿಟ್ಟು ಕಾಪಾಡುತ್ತಿರುವವರು ಜಾಸ್ತಿ ಅಭಿಮಾನಿಗಳು. ಪ್ರಿನ್ಸ್ ಬರೆದ ಜೋರ್ಡನ್ ಮೆಕ್ನರ್ ಅವರಿಗೇ ತಮ್ಮ ಮೂಲ ಕೋಡ್ ಇದ್ದ ಫ್ಲಾಪಿಗಳು ಸಿಕ್ಕಿದ್ದು 2012ರಲ್ಲಿ, ಅವರಪ್ಪನ ಮನೆಯ ಕಪಾಟಿನಲ್ಲಿ. ಅವರದ್ದನ್ನು ಓದಲು ಆಯಿತು. ಪುಣ್ಯವಂತರು, ಮಲೆನಾಡಿನವರಲ್ಲ.

ಆ ಗೇಮ್‌ನಲ್ಲಿ ಮೊದಲ ಹಂತ ದಾಟಿದರೆ ನೆಲದ ತುಂಬ ಸೀಸೆಗಳಿರುವ ಜಾಗ ಬರುತ್ತದೆ, ನೆನಪಿದೆಯಾ? ಕೈಪಿಡಿಯ ಇಂಥ ಪುಟ, ಇಂಥ ಸಾಲು, ಇಂಥ ಪದದ ಮೊದಲ ಅಕ್ಷರ ನೋಡಿ ಅದರ ಸೀಸೆ ಕುಡಿ ಅನ್ನುತ್ತದೆ. ಕದ್ದ ಕಾಪಿಗೆ ಕೈಪಿಡಿ ಎಲ್ಲಿಂದ ಬರಬೇಕು? ಲ್ಯಾಬ್‌ನಲ್ಲಿ ಅಂದಾಜಿಗೆ ಕುಡಿದು ಸಾಯುತ್ತಿದ್ದೆವು. ಅದೂ ಆಟವೇ ಅಂದುಕೊಂಡಿದ್ದೆವು. ಹೋದ ವರ್ಷ ಯಾರೋ ಪುಣ್ಯಾತ್ಮರು ಸ್ಕ್ಯಾನ್ ಮಾಡಿ ಹಾಕಿದ್ದ ಕೈಪಿಡಿ ಸಿಕ್ಕಿತು. ಪುಟ ತೆಗೆದು, ಬೆರಳಿಟ್ಟು ಸಾಲು ಎಣಿಸಿ, ಸರಿಯಾದ ಸೀಸೆ ಕುಡಿದೆ. ಬಾಗಿಲು ತೆರೆಯಿತು.