ಹಳೇ ನೆನಪಿಗೆ ಹಳೇ ತಾರೀಖು: ನಾಲ್ಕು ದಾರಿ ನೋಡಿದ ಮೇಲೆ

ಎಐ ಆ್ಯಪ್‌ಗೆ ಹಳೇ ವಿಷಯ ತುಂಬಿಸಿದರೆ, ನಾವಾಗಿ ಹೇಳದ ಹೊರತು ಎಲ್ಲದಕ್ಕೂ ಇವತ್ತಿನ ತಾರೀಖೇ ಬೀಳುತ್ತದೆ. ವಾಟ್ಸ್‌ಆ್ಯಪ್‌ನಲ್ಲಿ ನನಗೇ ಕಳಿಸಿಕೊಂಡಿದ್ದ ಮೆಸೇಜ್‌ಗಳನ್ನು ಎಕ್ಸ್‌ಪೋರ್ಟ್ ಮಾಡಿ ಒಂದು ಪುಟ್ಟ ಅಸಿಸ್ಟೆಂಟ್‌ಗೆ ಕೊಟ್ಟಿದ್ದೆ. ಅಮ್ಮನ ಮಾತ್ರೆ, ಬೈಕ್ ಸರ್ವಿಸ್, ಪ್ಲಂಬರ್‌ಗೆ ಕೊಟ್ಟ ದುಡ್ಡು, ಇಂಥವೇ. 2023ರದ್ದೂ ಹೋದ ತಿಂಗಳದ್ದೂ ಒಂದೇ ದಿನ ಹುಟ್ಟಿದ ಹಾಗೆ ಕೂತವು. "ಅಮ್ಮ ಈಗ ಯಾವ ಬಿಪಿ ಮಾತ್ರೆ ತಗೋತಿದ್ದಾರೆ?" ಅಂತ ಕೇಳಿದರೆ ಒಂದೊಂದು ಸಲ ಒಂದೊಂದು ಉತ್ತರ.

ಅದೇ ಮೆಸೇಜ್‌ಗಳನ್ನು ನಾಲ್ಕು ರೀತಿಯಲ್ಲಿ ಹಾಕಿ ನೋಡಿದೆ. ಎಲ್ಲಕ್ಕೂ ಪರೀಕ್ಷೆಗೆ ಇಟ್ಟಿದ್ದು ಈ ಸಾಲು: "ಯುಗಾದಿ ಆದಾಗಿಂದ ಅಮ್ಮಂಗೆ 40ರ ಬದಲು 20ರ ಮಾತ್ರೆ." ಇದನ್ನು ಟೈಪ್ ಮಾಡಿದ್ದು 2023ರ ಏಪ್ರಿಲ್ 2. ಮಾತ್ರೆ ಬದಲಾಗಿದ್ದು ಯುಗಾದಿಗೆ, ಅಂದರೆ ಮಾರ್ಚ್ 22. ಆ್ಯಪ್‌ಗೆ ಸೇರಿದ್ದು ಈಗ. ಒಂದು ಸಾಲಿಗೆ ಮೂರು ತಾರೀಖು! ಈ ಮೂರರಲ್ಲಿ ಯಾವುದು ಎಲ್ಲಿ ಉಳಿಯುತ್ತದೆ ಅನ್ನೋದೇ ನನಗೆ ಬೇಕಿದ್ದ ಲೆಕ್ಕ.

ಮೊದಲನೆಯದು ಸುಲಭದ್ದು. ಸಾಲಿನ ಮುಂದೆಯೇ "2023-04-02" ಅಂತ ಬರೆದುಬಿಡುವುದು. ನೆನಪುಗಳು ಕಡಿಮೆ ಇದ್ದು, ಎಲ್ಲವನ್ನೂ ಒಟ್ಟಿಗೇ ಪ್ರಾಂಪ್ಟ್‌ಗೆ (ಮಾಡೆಲ್‌ಗೆ ಕೊಡುವ ಬರಹಕ್ಕೆ) ಸುರಿಯುವುದಾದರೆ ಇಷ್ಟು ಸಾಕು, ಮಾಡೆಲ್ ಓದಿಕೊಳ್ಳುತ್ತದೆ. ಹುಡುಕಾಟ ಶುರುವಾದರೆ ಕಷ್ಟ. ಹುಡುಕಾಟಕ್ಕೆ ಬಳಸುವ ಎಂಬೆಡ್ಡಿಂಗ್‌ಗೆ, ಅಂದರೆ ಮಾತಿನ ಅರ್ಥವನ್ನು ಅಂಕಿಗಳ ಸಾಲಾಗಿ ಮಾಡಿದ್ದಕ್ಕೆ, ಮಾರ್ಚ್ ಮೊದಲೋ ಏಪ್ರಿಲ್ ಮೊದಲೋ ಅನ್ನುವುದು ತಿಳಿಯುವುದಿಲ್ಲ. "ಮಾರ್ಚ್‌ನಲ್ಲಿ ಏನೇನಾಯ್ತು" ಅಂದರೆ ಮಾರ್ಚ್ ಅನ್ನುವ ಪದಕ್ಕೆ ಹತ್ತಿರ ಇದ್ದದ್ದನ್ನು ಎತ್ತಿಕೊಡುತ್ತದೆ, ಅಷ್ಟೇ.

ಎರಡನೆಯದು ಮೆಮ್‌ಝೀರೋ (Mem0), ಎಐ ಆ್ಯಪ್‌ಗಳಿಗೆ ನೆನಪು ಇಟ್ಟುಕೊಡುವ ಸಿದ್ಧ ಸಾಧನ. ನೆನಪು ಸೇರಿಸುವಾಗಲೇ ಟೈಮ್‌ಸ್ಟ್ಯಾಂಪ್ ಅಂತ ಒಂದು ಸಂಖ್ಯೆ ಕೊಡಬಹುದು. ಕೊಡದಿದ್ದರೆ ಆ ಕ್ಷಣದ ಸಮಯ. ಆಮೇಲೆ ಇಂಥ ದಿನದಿಂದ ಇಂಥ ದಿನದವರೆಗೆ ಅಂತ ಫಿಲ್ಟರ್ ಹಾಕಬಹುದು. ಒಂದೇ ಸಂಜೆಯಲ್ಲಿ ಕೆಲಸ ಮುಗಿಯಬೇಕು ಅನ್ನುವವರಿಗೆ ನಾಲ್ಕರಲ್ಲಿ ಇದೇ ಹತ್ತಿರದ ದಾರಿ. ಆದರೆ ಈ ಖಾನೆಗೆ ಹೋಗುವುದು ಒಂದೇ ಸಮಯ. ನಾನು ಟೈಪ್ ಮಾಡಿದ ದಿನವನ್ನು ಅಲ್ಲಿ ಹಾಕಿ, ಮಾತ್ರೆ ಬದಲಾದ ದಿನವನ್ನು ಮೆಟಾಡೇಟಾಗೆ (ನೆನಪಿನ ಜೊತೆ ಅಂಟಿಸುವ ಹೆಚ್ಚುವರಿ ವಿವರಕ್ಕೆ) ಸೇರಿಸಿದೆ.

ಆ ಟೈಮ್‌ಸ್ಟ್ಯಾಂಪ್ ಸಂಖ್ಯೆ ಯೂನಿಕ್ಸ್ ಲೆಕ್ಕದ್ದು, ಅಂದರೆ 1970ರ ಜನವರಿ 1ರಿಂದ ಎಣಿಸಿದ್ದು, ಸೆಕೆಂಡುಗಳಲ್ಲಿ ಇರಬೇಕು. 1700000000 ಅಂದರೆ ಭಾರತದ ಸಮಯದಲ್ಲಿ 2023ರ ನವೆಂಬರ್ 15, ಬೆಳಗಿನ ಜಾವ 3:43. ಜಾವಾಸ್ಕ್ರಿಪ್ಟ್ ಕೊಡುವುದು ಮಿಲಿಸೆಕೆಂಡ್. ಅದನ್ನು ಹಾಗೇ ಕಳಿಸಿದರೆ ನೆನಪು 55,000ನೇ ಇಸವಿ ದಾಟಿ ಹೋಗುತ್ತದೆ. ಉಲ್ಟಾ ಆದರೆ, ಅಂದರೆ ಸೆಕೆಂಡನ್ನು ಮಿಲಿಸೆಕೆಂಡ್ ಅಂತ ಓದಿದರೆ, 1970ರ ಜನವರಿ 20ಕ್ಕೆ ಬಂದು ಬೀಳುತ್ತದೆ. ಡೇಟಾದಲ್ಲಿ ಎಲ್ಲಾದರೂ 1970ರ ಜನವರಿ ಕಂಡರೆ ಮೊದಲು ಇದನ್ನೇ ಅನುಮಾನಿಸಿ.

ಮೂರನೆಯದು ಗ್ರಾಫಿಟಿ (Graphiti), ನೆನಪುಗಳನ್ನು ಒಂದಕ್ಕೊಂದು ಕೊಂಡಿ ಹಾಕಿದ ಜಾಲವಾಗಿ ಇಡುವ ಸಾಧನ. ನನಗೆ ತುಂಬಾ ಹಿಡಿಸಿದ್ದು ಇದರ ಯೋಚನೆ. ಪ್ರತಿ ಮೆಸೇಜ್ ಜೊತೆ ಒಂದು ರೆಫರೆನ್ಸ್ ಟೈಮ್, ಅಂದರೆ ಅದನ್ನು ಹೇಳಿದ ಸಮಯ, ಕೊಡಬೇಕು. "ಎರಡು ವಾರದ ಹಿಂದೆ" ಅನ್ನುವ ಮಾತನ್ನು ಅದು ಆ ದಿನದಿಂದ ಎಣಿಸುತ್ತದೆ, ಇವತ್ತಿನಿಂದ ಅಲ್ಲ. ಒಂದೊಂದು ಸಂಗತಿಗೂ ಯಾವಾಗಿಂದ ನಿಜ, ಯಾವಾಗ ನಿಜವಾಗಿ ಉಳಿಯಲಿಲ್ಲ ಅನ್ನುವ ಎರಡು ಸಮಯ ಇರುತ್ತದೆ. ಸಿಸ್ಟಮ್‌ಗೆ ಅದು ತಿಳಿದದ್ದು ಯಾವಾಗ, ಅದನ್ನು ಕೈಬಿಟ್ಟದ್ದು ಯಾವಾಗ ಅನ್ನುವುದು ಬೇರೆ. 20ರ ಮಾತ್ರೆ ಬಂದಾಗ 40ರದ್ದನ್ನು ಅಳಿಸುವುದಿಲ್ಲ, ಮುಗಿಯಿತು ಅಂತ ಗುರುತು ಹಾಕುತ್ತದೆ. ಹಾಗಾಗಿ "2023ರ ಫೆಬ್ರವರಿಯಲ್ಲಿ ಯಾವ ಮಾತ್ರೆ?" ಅನ್ನುವುದಕ್ಕೂ ಉತ್ತರ ಇದೆ.

ಇದಕ್ಕೆ ತೆರಬೇಕಾದ್ದೂ ಇದೆ. ಇಂಥ ಜಾಲವನ್ನು ಇಡಲು ನಿಯೋ4ಜೆ ಥರದ ಗ್ರಾಫ್ ಡೇಟಾಬೇಸ್ ಬೇಕು. ಪ್ರತಿ ಮೆಸೇಜ್‌ಗೂ ಎಲ್‌ಎಲ್‌ಎಂಗೆ (ಭಾಷಾ ಮಾಡೆಲ್‌ಗೆ) ಕರೆಗಳು ಹೋಗುವುದರಿಂದ ಹಳೇ ರಾಶಿ ತುಂಬಿಸುವಾಗ ನಿಧಾನ, ಖರ್ಚೂ ಜಾಸ್ತಿ. ಇನ್ನು ಯುಗಾದಿ. ಅದು ಪ್ರತಿ ವರ್ಷ ಜರುಗುತ್ತದೆ, 2024ರಲ್ಲಿ ಏಪ್ರಿಲ್ 9ಕ್ಕೆ ಬಂತು. ಅದನ್ನು ಮಾಡೆಲ್ ಊಹೆಗೆ ಬಿಡುವುದು ನನಗೆ ಬೇಡ ಅನ್ನಿಸಿತು. ಕ್ಯಾಲೆಂಡರ್ ನೋಡಿ ಹಬ್ಬಗಳ ಒಂದು ಪಟ್ಟಿ ಮಾಡಿ, ಒಳಗೆ ಹಾಕುವ ಮುಂಚೆಯೇ ತಾರೀಖಿಗೆ ಬದಲಾಯಿಸಿದೆ.

ಕೊನೆಯದು ಪೋಸ್ಟ್‌ಗ್ರೆಸ್ ಡೇಟಾಬೇಸ್ ಮತ್ತು ಅದಕ್ಕೆ ಎಂಬೆಡ್ಡಿಂಗ್ ಹುಡುಕಾಟ ಸೇರಿಸುವ ಪಿಜಿವೆಕ್ಟರ್. ನಾನು ಉಳಿಸಿಕೊಂಡಿದ್ದು ಇದನ್ನೇ. ಟೇಬಲ್‌ನಲ್ಲಿ ಮೂರು ಕಾಲಂ: ನಡೆದದ್ದು, ಹೇಳಿದ್ದು, ಸೇರಿಸಿದ್ದು. ಮೂರನೆಯದನ್ನು ಡೇಟಾಬೇಸೇ ತುಂಬಿಕೊಳ್ಳುತ್ತದೆ. ಹಳೆಯದನ್ನು ಹೊಸದು ರದ್ದು ಮಾಡುವ ಲಾಜಿಕ್ ಮಾತ್ರ ನಾವೇ ಬರೆಯಬೇಕು, ಅದು ಸಣ್ಣ ಕೆಲಸವಲ್ಲ. ಆದರೆ ಮಾತ್ರೆ, ಸರ್ವಿಸ್, ಬಾಡಿಗೆ ಥರ ಬೆರಳೆಣಿಕೆಯ ವಿಷಯಗಳಿಗೆ ಗ್ರಾಫ್ ಯಾಕೆ, ಅಲ್ವಾ? ನೂರಾರು ಜನ, ಅವರ ಕೆಲಸ, ಊರು, ಸಂಬಂಧ ಎಲ್ಲ ಬದಲಾಗುತ್ತಾ ಇರುವ ಕಡೆಯಾದರೆ ಗ್ರಾಫಿಟಿಗೇ ಹೋಗುತ್ತಿದ್ದೆ.

ಯಾವುದನ್ನೇ ಆರಿಸಿ, ವಾಟ್ಸ್‌ಆ್ಯಪ್ ಫೈಲ್‌ನಲ್ಲಿ ಟೈಮ್‌ಝೋನ್ ಇರುವುದಿಲ್ಲ. ಯುಟಿಸಿಯಲ್ಲಿ (ನಮಗಿಂತ ಐದೂವರೆ ಗಂಟೆ ಹಿಂದಿರುವ ವಿಶ್ವ ಸಮಯದಲ್ಲಿ) ಓಡುವ ಸರ್ವರ್ ರಾತ್ರಿ 8 ಗಂಟೆಯ ಮೆಸೇಜನ್ನು ತನ್ನ ಸಮಯ ಅಂದುಕೊಂಡರೆ ಅದು ನಮ್ಮ ಮರುದಿನ ಬೆಳಗಿನ ಜಾವ 1:30 ಆಗುತ್ತದೆ. ಸಂಜೆ 6:30ರ ನಂತರದ್ದೆಲ್ಲ ನಾಳೆಗೆ ಹೋಗುತ್ತದೆ. "12/03/23" ಮಾರ್ಚ್ 12 ಅನ್ನುವುದನ್ನೂ ಫೈಲ್ ಓದುವ ಪಾರ್ಸರ್‌ಗೆ ಬಿಡಿಸಿ ಹೇಳಬೇಕು, ಇಲ್ಲದಿದ್ದರೆ ಅದು ಡಿಸೆಂಬರ್ 3 ಅಂದುಕೊಳ್ಳಬಹುದು. ಇದರಲ್ಲಿ ಒಂದು ಉಪಾಯ ಇದೆ: ಫೈಲ್‌ನಲ್ಲಿ 13/03 ಅಥವಾ 25/03 ಥರದ ಸಾಲು ಒಂದಾದರೂ ಸಿಕ್ಕಿದರೆ ಸಾಕು, ದಿನ ಮೊದಲು ಅಂತ ಖಾತ್ರಿಯಾಗುತ್ತದೆ.