ದುಡ್ಡು ಬರುವ ಮುಂಚೆ ಸ್ಟೆಮ್ಸ್ ಕಳಿಸಬೇಡಿ

ಮುಂಬೈಯಲ್ಲಿ ಸಣ್ಣ ಸಿನಿಮಾ, ಸೀರಿಯಲ್ಲಿಗೆ ಸಂಗೀತ ಮಾಡುವ ನಮ್ಮ ಹುಡುಗರೇ, ದುಡ್ಡು ಕೈಗೆ ಬರುವ ತನಕ ಸ್ಟೆಮ್ಸ್, ಅಂದ್ರೆ ವಾದ್ಯಗಳನ್ನು ಬಿಡಿಬಿಡಿಯಾಗಿ ಇಟ್ಟ ಫೈಲುಗಳನ್ನು, ಕಳಿಸಬೇಡಿ. ಕಳಿಸಬೇಡಿ ಅಂದ್ರೆ ಕಳಿಸಬೇಡಿ. ನಾನು ಕಳಿಸಿದೆ. ಹದಿನಾಲ್ಕು ವರ್ಷದಿಂದ ಇದೇ ಕೆಲಸ ಮಾಡುವವನು ಕಳಿಸಿದೆ, ಅದೇ ನಾಚಿಕೆ.

ನಿರ್ಮಾಪಕರು ಉಡುಪಿ ಕಡೆಯವರು. ವರ್ಸೋವಾದ ಆರಾಮ್ ನಗರದಲ್ಲಿ ಆಫೀಸು. "ನಮ್ಮವರೇ ಅಲ್ವಾ, ಅಗ್ರಿಮೆಂಟ್ ಎಲ್ಲ ಆಮೇಲೆ ಮಾಡುವ ಮಾರಾಯ್ರೆ" ಅಂದರು. ಕನ್ನಡ ಕೇಳಿದ ಖುಷಿಗೆ ತಲೆಯಾಡಿಸಿದೆ. ಹಿಂದಿಯಲ್ಲಿ ಹೇಳಿದ್ದರೆ ಖಂಡಿತ ಕಾಗದ ಕೇಳುತ್ತಿದ್ದೆ.

ಮಾತಾಗಿದ್ದು ಒಂದೂವರೆ ಲಕ್ಷ. ಕೈಗೆ ಬಂದಿದ್ದು 15,000. ಎಡಿಟ್ ಮೇಲೆ ಯಾವುದೋ ದೊಡ್ಡ ಸಿನಿಮಾದ ಮ್ಯೂಸಿಕ್ ಅಂಟಿಸಿ ಕೊಟ್ಟು, "ಹೀಗೇ ಬೇಕು, ಆದರೆ ಇದೇ ಆಗಬಾರದು" ಅಂದರು. ಅದು ಮಾಮೂಲಿ, ಬಿಡಿ. 38 ನಿಮಿಷದ ಬ್ಯಾಕ್‌ಗ್ರೌಂಡ್ ಮಾಡಿದೆ. ಸಾರಂಗಿಯವರಿಗೆ ನನ್ನ ಜೇಬಿನಿಂದ ಕೊಟ್ಟೆ. ಹಾರ್ಮೋನಿಯಂ ನಾನೇ ಡೊಂಬಿವಲಿಯ ಮನೆಯಲ್ಲಿ, ಫ್ಯಾನ್ ಆರಿಸಿ ನುಡಿಸಿದೆ. ಒಂದು ಟೇಕಿನ ಮಧ್ಯೆ ಪಕ್ಕದ ಮನೆಯ ಕುಕ್ಕರ್ ಕೂಗಿತು. ಟೇಕ್ ಬಹಳ ಚೆನ್ನಾಗಿತ್ತು. ಬಿಡಲು ಮನಸ್ಸಾಗಲಿಲ್ಲ, ರಿವರ್ಬ್, ಅಂದ್ರೆ ಪ್ರತಿಧ್ವನಿಯ ಎಫೆಕ್ಟ್, ಹಾಕಿ ಮುಚ್ಚಿದೆ.

ಒಂದು ರಾತ್ರಿ ಫೋನು. "ನಾಳೆ ಮಿಕ್ಸಿಂಗ್ ಉಂಟು, ಸ್ಟೆಮ್ಸ್ ಇಲ್ಲದೆ ಎಂಜಿನಿಯರ್ ಸುಮ್ನೆ ಕೂತಿದ್ದಾನೆ, ಸ್ಟುಡಿಯೋ ಬಾಡಿಗೆ ಏರ್ತಾ ಉಂಟು." ಪ್ರತಿ ವಾದ್ಯವನ್ನೂ ಬಿಡಿಸಿ, ಬೆಳಗಿನ ತನಕ ಕೂತು ಅಪ್‌ಲೋಡ್ ಮಾಡಿದೆ. ಉತ್ತರವಾಗಿ ಒಂದು ಹೆಬ್ಬೆರಳಿನ ಚಿತ್ರ ಬಂತು.

ಮೂರು ವಾರದ ಮೇಲೆ: "ಡೈರೆಕ್ಟರಿಗೆ ಹಿಡಿಸಲಿಲ್ಲ. ಬೇರೆಯವರ ಹತ್ತಿರ ಮಾಡಿಸಿದೆವು. ಬೇಜಾರು ಮಾಡ್ಬೇಡಿ." ಬೇಜಾರಾಯಿತು, ನುಂಗಿಕೊಂಡೆ. ಮಾಡಿದ ಸಂಗೀತ ಕಸಕ್ಕೆ ಹೋಗುವುದು ನಮ್ಮ ಲೈನಿನಲ್ಲಿ ಹೊಸದಲ್ಲ.

ಕಳೆದ ತಿಂಗಳು ಅಂಧೇರಿಯಲ್ಲಿ ಆ ಸಿನಿಮಾ ತೋರಿಸಿದರು. ಹೋಗಿ ಕೊನೇ ಸಾಲಿನಲ್ಲಿ ಕೂತೆ. ಮುದುಕಿ ಬಾಗಿಲು ತೆಗೆಯುತ್ತಾಳೆ, ಹಾರ್ಮೋನಿಯಂ ಶುರುವಾಗುತ್ತದೆ. ಅರೆ, ನನ್ನದರ ಹಾಗೇ ಇದೆಯಲ್ಲ ಅಂದುಕೊಂಡೆ. ಆಮೇಲೆ ಕೇಳಿಸಿತು. ಕುಕ್ಕರ್. ನಮ್ಮ ಪಕ್ಕದ ಮನೆಯ ಕುಕ್ಕರ್, ಇಡೀ ಹಾಲಿಗೆ! ಮೈ ಬೆವರಿತು. ಎದ್ದು ಕೂಗಬೇಕು ಅನಿಸಿತು, ಏನಂತ ಕೂಗಲಿ? ಪಕ್ಕದಲ್ಲಿದ್ದವರು "ಮ್ಯೂಸಿಕ್ ಚೆನ್ನಾಗಿದೆ" ಅಂತ ಮರಾಠಿಯಲ್ಲಿ ಪಿಸುಗುಟ್ಟಿದರು. ಟೈಟಲಿನಲ್ಲಿ ಬೇರೆ ಯಾರದೋ ಹೆಸರು.

ಹೊರಗೆ ನಿಂತು ಫೋನ್ ಮಾಡಿದೆ. "ಕುಕ್ಕರ್ ಎಲ್ಲರ ಮನೆಯಲ್ಲೂ ಕೂಗ್ತದೆ ಮಾರಾಯ್ರೆ" ಅಂದರು. ನಗುತ್ತಾ ಅಂದರು. ಆಮೇಲೆ "ಅಡ್ವಾನ್ಸ್ ತಗೊಂಡಿದ್ದೀರಲ್ಲ?" ಆಮೇಲೆ "ಮುಂದಿನದರಲ್ಲಿ ಅಡ್ಜಸ್ಟ್ ಮಾಡುವ." ಈಗ ಮೆಸೇಜಿಗೆ ನೀಲಿ ಟಿಕ್ ಮಾತ್ರ. ಕುಕ್ಕರ್ ಎಲ್ಲರ ಮನೆಯಲ್ಲೂ ಕೂಗುತ್ತದಂತೆ!

ದುಡ್ಡಿಗಿಂತ ಹೆಸರಿನದೇ ಉರಿ ಜಾಸ್ತಿ. ಹೆಸರು ಹೋದರೆ ಮುಂದಿನ ದುಡ್ಡೂ ಹೋಯಿತು. ಕಾಪಿರೈಟ್ ಕಾಯ್ದೆಗೆ 2012ರಲ್ಲಿ ತಿದ್ದುಪಡಿ ಆದ ಮೇಲೆ, ಸಿನಿಮಾ ಥಿಯೇಟರಿನಾಚೆ ಟಿವಿಯಲ್ಲೋ ಓಟಿಟಿಯಲ್ಲೋ ಓಡಿದಾಗ ಸಂಗೀತ ಮಾಡಿದವನಿಗೂ ರಾಯಲ್ಟಿಯಲ್ಲಿ ಪಾಲಿದೆ. ಅದನ್ನು ಬಿಟ್ಟುಕೊಡುತ್ತೇನೆ ಅಂತ ಬರೆಸಿಕೊಂಡರೂ ನಡೆಯುವುದಿಲ್ಲ. ಆದರೆ ರಾಯಲ್ಟಿ ವಸೂಲಿ ಮಾಡಿ ಹಂಚುವ ಸಂಸ್ಥೆಯಾದ ಐಪಿಆರ್‌ಎಸ್‌ಗೆ ಹೋಗುವ ಕ್ಯೂ ಶೀಟಿನಲ್ಲಿ, ಅಂದ್ರೆ ಸಿನಿಮಾದಲ್ಲಿ ಯಾವ ಸಂಗೀತ ಎಲ್ಲಿ ಬರುತ್ತದೆ, ಯಾರು ಮಾಡಿದ್ದು ಅನ್ನುವ ಪಟ್ಟಿಯಲ್ಲಿ, ನಿಮ್ಮ ಹೆಸರಿಲ್ಲದಿದ್ದರೆ ಆ ಪಾಲು ನಿಮ್ಮನ್ನು ಹುಡುಕಿಕೊಂಡು ಬರುತ್ತಾ? ಕಾಪಿರೈಟ್ ಕಾಯ್ದೆಯ 57ನೇ ಸೆಕ್ಷನ್ ಪ್ರಕಾರ, ಹಕ್ಕು ಮಾರಿದ ಮೇಲೂ "ಇದು ನಾನು ಮಾಡಿದ್ದು" ಅನ್ನಬಹುದು. ನಾನಂತೂ ಮಾರಿಯೂ ಇಲ್ಲ.

ಕೇಳಿಸಬೇಕಾದರೆ ಮಧ್ಯೆ ಮಧ್ಯೆ ಬೀಪ್ ಹಾಕಿದ ಎಂಪಿ3 ಕಳಿಸಿ, ಸಾಕು. ಕ್ಯೂ ಶೀಟ್ ನೀವೇ ಬರೆದು ಮೇಲ್ ಮಾಡಿ. ಊರಿನವರು ಅಂದರೆ ಕಾಗದ ಇನ್ನೂ ಬೇಗ ಕೇಳಿ.

ಆ ಟೇಕಿನ ಮೂಲ ಫೈಲು ತಾರೀಖಿನ ಸಮೇತ ನನ್ನ ಹತ್ತಿರ ಇದೆ. ಮೊನ್ನೆ ವಕೀಲರಿಗೆ ಕೇಳಿಸಿದೆ. ಹೆಡ್‌ಫೋನ್ ಹಾಕಿಕೊಂಡು ಮೂರು ಸಲ ಕೇಳಿದರು. "ಕುಕ್ಕರ್ ಎರಡು ಸಲ ಕೂಗಿದೆಯಲ್ರೀ" ಅಂದರು. ನನಗೆ ಇಷ್ಟು ದಿನ ಒಂದೇ ಕೇಳಿಸಿತ್ತು.